ಹುಟ್ಟದ ಮೊಮ್ಮಗು: ‘ಡಲ್ಲಾಸ್’ ಧಾರಾವಾಹಿಯ ಎರಡು ಮನೆಗಳ ಹಗೆ

1978ರ ಏಪ್ರಿಲ್ 30ರ ರಾತ್ರಿ ಅಮೆರಿಕದ ಸಿಬಿಎಸ್ ಚಾನೆಲ್‌ನಲ್ಲಿ ಒಂದು ಹೊಸ ಧಾರಾವಾಹಿಯ ಐದನೇ ಕಂತು ಬಂತು. ಟೆಕ್ಸಸ್‌ನ ದೊಡ್ಡ ಜಮೀನುದಾರರ ಮನೆ. ಅಂಗಳದಲ್ಲಿ ಮಾಂಸ ಸುಡುತ್ತಿದ್ದಾರೆ, ನೆಂಟರಿಷ್ಟರೆಲ್ಲ ಸೇರಿದ್ದಾರೆ. ಎಷ್ಟೋ ವರ್ಷಗಳಿಂದ ಹಗೆ ಸಾಧಿಸಿಕೊಂಡು ಬಂದ ಇಬ್ಬರು ಮುದುಕರು ಆ ದಿನ ಒಂದೇ ಅಂಗಳದಲ್ಲಿ ನಿಲ್ಲುತ್ತಾರೆ. ಒಬ್ಬ ಮನೆಯ ಯಜಮಾನ ಜಾಕ್ ಯೂಯಿಂಗ್. ಇನ್ನೊಬ್ಬ ಡಿಗ್ಗರ್ ಬಾರ್ನ್ಸ್, ಕುಡಿದು ಕುಡಿದೇ ಹಾಳಾದವನು. ಡಿಗ್ಗರ್‌ನ ಮಗಳು ಪ್ಯಾಮ್ ಯಾರಿಗೂ ಹೇಳದೆ ಜಾಕ್‌ನ ಕಿರಿಮಗ ಬಾಬಿಯನ್ನು ಮದುವೆಯಾಗಿದ್ದಾಳೆ. ಈಗ ಬಸುರಿ. ಹುಟ್ಟುವ ಕೂಸಿಗೆ ಇಬ್ಬರೂ ಅಜ್ಜಂದಿರು. ಅದಕ್ಕೇ ಇವನು ಕರೆದ, ಅದಕ್ಕೇ ಅವನು ಬಂದ.

ಆದರೆ ಅದೇ ದಿನ ಎಲ್ಲ ಕೆಡುತ್ತದೆ. ಹುಲ್ಲಿನ ಅಟ್ಟದ ಮೇಲೆ ಒಬ್ಬಳೇ ಇದ್ದ ಪ್ಯಾಮ್ ಹತ್ತಿರ ಭಾವ ಜೆ.ಆರ್. ಕುಡಿದು ಹೋಗುತ್ತಾನೆ. ಮಾತಿಗೆ ಮಾತು ಬೆಳೆಯುತ್ತದೆ. ಅವಳು ಕೊಸರಿಕೊಳ್ಳುವಾಗ ಕಾಲು ಜಾರಿ ಕೆಳಗೆ ಬೀಳುತ್ತಾಳೆ. ಮಗು ಉಳಿಯುವುದಿಲ್ಲ. ಬೀಗರಾಗಲು ಬಂದವರು ಮತ್ತೆ ಶತ್ರುಗಳಾಗಿ ಹೊರಡುತ್ತಾರೆ.

ಆ ಹೊತ್ತಿಗೆ ಚಾನೆಲ್‌ನವರು ಒಪ್ಪಿಕೊಂಡಿದ್ದು ಈ ಐದು ಕಂತುಗಳಿಗೆ ಮಾತ್ರ. ಕಥೆ ಇಲ್ಲಿಗೇ ಮುಗಿಯಬಹುದಿತ್ತು. ಮುಗಿಯಲಿಲ್ಲ. ‘ಡಲ್ಲಾಸ್’ 14 ಸೀಸನ್, 357 ಕಂತು ಓಡಿತು. 1991ರ ಮೇ 3ಕ್ಕೆ ನಿಂತಿತು. 2012ರಲ್ಲಿ ಮುಂದಿನ ತಲೆಮಾರಿನೊಂದಿಗೆ ಮತ್ತೆ ಶುರುವಾಗಿ ಇನ್ನೂ ಮೂರು ಸೀಸನ್ ನಡೆಯಿತು. ಇಷ್ಟೆಲ್ಲ ಕಂತುಗಳಲ್ಲಿ ಯೂಯಿಂಗ್ ಮತ್ತು ಬಾರ್ನ್ಸ್ ರಕ್ತ ಎರಡೂ ಸೇರಿದ ಒಂದು ಮಗು ಬದುಕಿ ಬೆಳೆದದ್ದಿಲ್ಲ. ಇದು ಆಕಸ್ಮಿಕ ಅಂತ ನನಗೆ ಅನ್ನಿಸುವುದಿಲ್ಲ. ಆ ಧಾರಾವಾಹಿಯ ಇಡೀ ಯಂತ್ರ ತಿರುಗುತ್ತಿದ್ದುದೇ ಈ ಒಂದು ಮೊಳೆಯ ಮೇಲೆ ಅನ್ನುವುದು ನನ್ನ ವಾದ. ಉಳಿದದ್ದನ್ನೆಲ್ಲ ಇದನ್ನೇ ಹಿಡಿದುಕೊಂಡು ನೋಡೋಣ.

ಹಗೆಯ ಮೂಲ: ಒಂದು ಬಾವಿ, ಒಬ್ಬ ಹುಡುಗಿ

ಕಥೆಯ ಪ್ರಕಾರ 1930ರ ದಶಕದಲ್ಲಿ ಜಾಕ್ ಮತ್ತು ಡಿಗ್ಗರ್ ಪಾಲುದಾರರು. ಎಣ್ಣೆ ಇದೆಯೋ ಇಲ್ಲವೋ ಗೊತ್ತಿಲ್ಲದ ಕಡೆ ಧೈರ್ಯದ ಮೇಲೆ ಬಾವಿ ಕೊರೆಯುವವರು. ಡಿಗ್ಗರ್‌ಗೆ ನೆಲದಡಿಯ ಎಣ್ಣೆ ವಾಸನೆಯಲ್ಲೇ ತಿಳಿಯುತ್ತಿತ್ತಂತೆ. ಜಾಕ್‌ಗೆ ಲೆಕ್ಕ, ಕಾಗದ, ವ್ಯವಹಾರ ತಿಳಿಯುತ್ತಿತ್ತು. ಎಣ್ಣೆ ಸಿಕ್ಕಿತು. ಹಣ ಜಾಕ್ ಹತ್ತಿರ ಉಳಿಯಿತು. ಡಿಗ್ಗರ್ ಪ್ರೀತಿಸುತ್ತಿದ್ದ ಎಲೀ ಸೌತ್‌ವರ್ತ್ ಕೂಡ ಜಾಕ್‌ನನ್ನೇ ಮದುವೆಯಾದಳು. ಅವಳ ತವರಿನ ಜಮೀನೇ ಸೌತ್‌ಫೋರ್ಕ್. ಸಾಲದಲ್ಲಿ ಮುಳುಗುತ್ತಿದ್ದ ಆ ಜಮೀನನ್ನು ಉಳಿಸಿಕೊಳ್ಳಲು ಅವಳಿಗೂ ಜಾಕ್‌ನ ಹಣ ಬೇಕಾಗಿತ್ತು.

ಡಿಗ್ಗರ್ ಹೇಳುವುದು: ನನ್ನ ಪಾಲು ನುಂಗಿದ, ನನ್ನ ಹುಡುಗಿಯನ್ನೂ ಕಸಿದುಕೊಂಡ. ಜಾಕ್ ಹೇಳುವುದು: ಅವನ ಪಾಲನ್ನು ಅವನೇ ಕುಡಿದು, ಜೂಜಾಡಿ ಕಳೆದ. ಇಬ್ಬರ ಮಾತಿನಲ್ಲೂ ಸ್ವಲ್ಪ ಸ್ವಲ್ಪ ನಿಜ ಇದೆ ಅಂತ ನೋಡುವವರಿಗೆ ಅನ್ನಿಸುತ್ತದೆ. ಯಾವುದು ಎಷ್ಟು ನಿಜ ಅಂತ ಬರಹಗಾರರು ಮೊದಲ ಕಂತುಗಳಲ್ಲಿ ಬೇಕೆಂದೇ ಹೇಳುವುದಿಲ್ಲ.

ಇದು ಟೆಕ್ಸಸ್‌ನಲ್ಲೇ ನಡೆಯಬೇಕಾದ ಜಗಳ. ನಮ್ಮಲ್ಲಿ ಹೊಲದ ಅಡಿಯಲ್ಲಿ ಎಣ್ಣೆ ಸಿಕ್ಕರೆ ಅದು ರೈತನ ಪಾಲಿಗೆ ಬರುವುದಿಲ್ಲ, ಸರ್ಕಾರದ್ದಾಗುತ್ತದೆ. ಅಲ್ಲಿ ಹಾಗಲ್ಲ. ನೆಲದ ಒಡೆಯನೇ ಕೆಳಗಿನ ಎಣ್ಣೆಗೂ ಒಡೆಯ. ಬೇಕಾದರೆ ಮೇಲಿನ ನೆಲ ಇಟ್ಟುಕೊಂಡು ಕೆಳಗಿನ ಹಕ್ಕನ್ನಷ್ಟೇ ಮಾರಬಹುದು, ಅದನ್ನೂ ತುಂಡು ತುಂಡಾಗಿ. ಒಂದು ಹಸ್ತಾಕ್ಷರ ಮನೆತನವನ್ನು ಎತ್ತಲೂಬಹುದು, ಮುಳುಗಿಸಲೂಬಹುದು.

ನಿಜ ಜೀವನದಲ್ಲೂ ಇಂಥದ್ದು ನಡೆದಿದೆ. 1930ರ ಅಕ್ಟೋಬರ್‌ನಲ್ಲಿ ಪೂರ್ವ ಟೆಕ್ಸಸ್‌ನಲ್ಲಿ ‘ಡ್ಯಾಡ್’ ಜಾಯ್ನರ್ ಅನ್ನುವ ಎಪ್ಪತ್ತರ ಮುದುಕ ಕೊರೆಸಿದ ಬಾವಿಯಲ್ಲಿ ಎಣ್ಣೆ ಚಿಮ್ಮಿತು. ಅದು ಆ ಕಾಲದ ಅತಿ ದೊಡ್ಡ ಎಣ್ಣೆ ಕ್ಷೇತ್ರಗಳಲ್ಲಿ ಒಂದು ಅಂತ ಆಮೇಲೆ ಗೊತ್ತಾಯಿತು. ಆದರೆ ಜಾಯ್ನರ್ ಒಂದೇ ಪಾಲನ್ನು ಹಲವರಿಗೆ ಮಾರಿ ಸಿಕ್ಕಿಹಾಕಿಕೊಂಡಿದ್ದ. ಮುಂದಿನ ತಿಂಗಳು ಎಚ್.ಎಲ್. ಹಂಟ್ ಡಲ್ಲಾಸ್‌ನ ಒಂದು ಹೋಟೆಲಿನಲ್ಲಿ ಕೂತು ಅವನ ಗುತ್ತಿಗೆಗಳನ್ನೆಲ್ಲ ಕೊಂಡ. ಒಪ್ಪಂದ 13 ಲಕ್ಷ ಡಾಲರ್‌ಗೂ ಮೇಲಿನದು. ಕೈಗೆ ಕೊಟ್ಟ ನಗದು 30 ಸಾವಿರ. ಉಳಿದದ್ದು ಮುಂದೆ ಬರುವ ಎಣ್ಣೆಯಿಂದ. ಹಂಟ್ ಮುಂದೆ ಅಮೆರಿಕದ ಅತಿ ದೊಡ್ಡ ಶ್ರೀಮಂತರಲ್ಲಿ ಒಬ್ಬನಾದ. ಜಾಯ್ನರ್ 1947ರಲ್ಲಿ ತೀರಿಕೊಂಡಾಗ ಹತ್ತಿರ ಹೆಚ್ಚೇನೂ ಇರಲಿಲ್ಲ. ಧಾರಾವಾಹಿಯವರು ಇವರನ್ನೇ ನೋಡಿ ಬರೆದರು ಅಂತ ನಾನು ಹೇಳುತ್ತಿಲ್ಲ. ಆದರೆ ಜಾಕ್–ಡಿಗ್ಗರ್ ಕಥೆ ಕೇಳಿದ ಟೆಕ್ಸಸ್‌ನವನಿಗೆ ಅದು ಹೊಸದಾಗಿ ಕೇಳಿಸಿರಲಿಕ್ಕಿಲ್ಲ.

ಹಗೆಯನ್ನು ಮನೆಯೊಳಗೆ ತಂದ ಮದುವೆ

ಡೇವಿಡ್ ಜೇಕಬ್ಸ್ ಅನ್ನುವ ಬರಹಗಾರ ಮೊದಲು ಚಾನೆಲ್‌ಗೆ ತೆಗೆದುಕೊಂಡು ಹೋಗಿದ್ದು ಬೇರೆ ಕಥೆ. ಮಧ್ಯಮವರ್ಗದ ಕೆಲವು ಗಂಡಹೆಂಡಿರ ಸಂಸಾರದ ಕಥೆ ಅದು. ಸಿಬಿಎಸ್‌ನವರಿಗೆ ಇನ್ನೂ ದೊಡ್ಡದು, ಹಣ ಆಸ್ತಿ ಎಲ್ಲ ಇರುವಂಥದ್ದು ಬೇಕಾಗಿತ್ತು. ಆಗ ಹುಟ್ಟಿದ್ದು ‘ಡಲ್ಲಾಸ್’. ಮೊದಲಿನ ಕಥೆಯೂ ವ್ಯರ್ಥವಾಗಲಿಲ್ಲ. 1979ರ ಕೊನೆಗೆ ಯೂಯಿಂಗ್ ಮನೆಯ ನಡುವಿನ ಮಗ ಗ್ಯಾರಿಯನ್ನು ಇಟ್ಟುಕೊಂಡು ‘ನಾಟ್ಸ್ ಲ್ಯಾಂಡಿಂಗ್’ ಅನ್ನುವ ಬೇರೆಯದೇ ಧಾರಾವಾಹಿಯಾಯಿತು.

ಮೊದಲ ಕಂತಿನ ಹೆಸರೇ ‘ಡಿಗ್ಗರ್‌ನ ಮಗಳು’. ಕಾರಿನಲ್ಲಿ ಬಾಬಿ ಮತ್ತು ಪ್ಯಾಮ್ ಬರುತ್ತಿದ್ದಾರೆ. ಆಗಷ್ಟೇ ಮದುವೆಯಾಗಿದೆ. ಮನೆಯವರು ನನ್ನನ್ನು ಹೊರಗೆ ಹಾಕುತ್ತಾರೆ ಅಂತ ಅವಳಿಗೆ ಭಯ. ಭಯ ಸುಳ್ಳೇನೂ ಅಲ್ಲ. ಜೆ.ಆರ್. ಮೊದಲ ದಿನದಿಂದಲೇ ಅವಳನ್ನು ಓಡಿಸುವ ದಾರಿ ಹುಡುಕುತ್ತಾನೆ. ಅವಳ ಹಳೆಯ ಗೆಳೆಯ, ಜಮೀನಿನ ಮೇಲ್ವಿಚಾರಕ ರೇ ಕ್ರೆಬ್ಸ್‌ನನ್ನೇ ಅದಕ್ಕೆ ಬಳಸಿಕೊಳ್ಳುತ್ತಾನೆ.

ಇಲ್ಲಿ ಒಂದು ತಮಾಷೆ ಹೇಳಲೇಬೇಕು. ಅದೇ ಕಂತಿನಲ್ಲಿ ರೇ ಮನೆಯ ಮೊಮ್ಮಗಳು ಲೂಸಿಯ ಜೊತೆ ಹುಲ್ಲಿನ ಅಟ್ಟದಲ್ಲಿ ಸರಸವಾಡುತ್ತಿರುತ್ತಾನೆ. ಮುಂದೆ 1980ರಲ್ಲಿ ರೇ ಜಾಕ್‌ನದೇ ಮಗ ಅಂತ ಕಥೆ ತಿರುಗಿತು. ಅಂದರೆ ಅವನು ಲೂಸಿಗೆ ಚಿಕ್ಕಪ್ಪನ ಸ್ಥಾನದವನು. ಬರಹಗಾರರು ಹಳೆಯದನ್ನು ಸುಮ್ನೆ ಮರೆತುಬಿಟ್ಟರು. ಉದ್ದ ಓಡುವ ಧಾರಾವಾಹಿಯಲ್ಲಿ ಸಂಬಂಧಗಳನ್ನು ಹೀಗೆ ಎಲ್ಲಿಂದೆಲ್ಲಿಗೋ ಹೊಲಿಯುವುದು ನಮ್ಮ ನೋಡುಗರಿಗೆ ಹೊಸದಲ್ಲ ಅಲ್ವಾ.

ಎರಡು ಮನೆಗಳು ಬೇರೆ ಬೇರೆ ಇದ್ದು ದ್ವೇಷಿಸುತ್ತಿದ್ದರೆ ಕಥೆ ಬೇಗ ಬತ್ತುತ್ತದೆ. ಕೋರ್ಟು, ಹೊಡೆದಾಟ, ಮತ್ತೆ ಕೋರ್ಟು. ಎಷ್ಟು ವಾರ ನಡೆಸಬಹುದು? ಶತ್ರುವಿನ ಮಗಳು ಸೊಸೆಯಾಗಿ ಬಂದು ಅದೇ ಮೇಜಿನಲ್ಲಿ ದಿನಾ ತಿಂಡಿಗೆ ಕೂತರೆ ಆಗ ಹಗೆಗೆ ಪ್ರತಿದಿನವೂ ಕೆಲಸ. ಮಾವ ಜಾಕ್ ಅವಳನ್ನು ನೋಡಿದಾಗಲೆಲ್ಲ ಡಿಗ್ಗರ್ ನೆನಪಾಗುತ್ತಾನೆ. ಅತ್ತೆ ಎಲೀಗೆ ಹಳೆಯ ಪ್ರೇಮಿಯ ಮಗಳು. ವಾರಗಿತ್ತಿ ಸೂ ಎಲೆನ್‌ಗೆ ಪ್ರತಿಸ್ಪರ್ಧಿ. ಭಾವ ಜೆ.ಆರ್.ಗೆ ಗೂಢಚಾರಿಣಿ. ಪ್ಯಾಮ್‌ನ ಅಣ್ಣ ಕ್ಲಿಫ್‌ಗೆ ತಂಗಿ ಮನೆತನದ ಮಾನ ಕಳೆದವಳು, ಜೊತೆಗೆ ಶತ್ರುವಿನ ಮನೆಯೊಳಗಿನ ಕಿಟಕಿ. ಒಂದೇ ಪಾತ್ರ ಐದು ಜಗಳಗಳನ್ನು ಹೊತ್ತುಕೊಂಡು ತಿರುಗುತ್ತದೆ.

ಆದರೆ ಇಂಥ ಮದುವೆಗೆ ಒಂದು ಅಪಾಯವೂ ಇದೆ. ಊರಲ್ಲಿ ನೋಡಿದವರಿಗೆ ಗೊತ್ತು. ಎರಡು ಮನೆಯವರು ಎಷ್ಟೇ ಕತ್ತಿ ಮಸೆಯಲಿ, ಮೊಮ್ಮಗು ಹುಟ್ಟಿತೆಂದರೆ ನಾಮಕರಣಕ್ಕೆ ಬರಲೇಬೇಕು. ಬಂದವರು ಕೂಸನ್ನು ಎತ್ತಿಕೊಳ್ಳಲೇಬೇಕು. ಎತ್ತಿಕೊಂಡ ಮೇಲೆ ಆಸ್ತಿಯೂ ಅದಕ್ಕೇ ಹೋಗುತ್ತದೆ ಅನ್ನುವ ಲೆಕ್ಕ ಶುರುವಾಗುತ್ತದೆ. ಡಿಗ್ಗರ್ ಕಳೆದುಕೊಂಡ ಪಾಲು ಡಿಗ್ಗರ್‌ನ ಮೊಮ್ಮಗನಿಗೇ ಬಂದರೆ ಇನ್ನು ಜಗಳ ಎಲ್ಲಿ? ಐದನೇ ಕಂತಿನ ಆ ಔತಣ ಇದನ್ನು ತೋರಿಸಿತು. ಅದೇ ಕಂತಿನ ಆ ಅಟ್ಟ ಇದನ್ನು ತಡೆಯಿತು. ಮುಂದೆ ಪ್ಯಾಮ್ ಮತ್ತೊಮ್ಮೆ ಬಸುರಿಯಾಗುತ್ತಾಳೆ. ಈ ಸಲ ಕುದುರೆಯಿಂದ ಬಿದ್ದು ಮಗು ಹೋಗುತ್ತದೆ.

1980: ರಕ್ತದ ಪ್ರಶ್ನೆ

ಮದುವೆಯಾದವರಿಗೆ ಮಗು ಆಗಲಿಲ್ಲ. ಆದರೆ ಆ ಮನೆಯಲ್ಲಿ ಬೇರೊಂದು ಮಗು ಹುಟ್ಟಿತು, ಅದರ ಸುತ್ತ ದೊಡ್ಡ ಅನುಮಾನ ಹುಟ್ಟಿತು. ಜೆ.ಆರ್.ನ ಹೆಂಡತಿ ಸೂ ಎಲೆನ್‌ಗೆ ಕ್ಲಿಫ್ ಬಾರ್ನ್ಸ್ ಜೊತೆ ಸಂಬಂಧವಿತ್ತು. ಹಾಗಾದರೆ ಸೌತ್‌ಫೋರ್ಕ್‌ನ ತೊಟ್ಟಿಲಲ್ಲಿರುವ ಜಾನ್ ರಾಸ್ ಯಾರ ಮಗ? ಯೂಯಿಂಗ್ ವಂಶದ ವಾರಸುದಾರ ಬಾರ್ನ್ಸ್ ರಕ್ತದವನೇ? ಕ್ಲಿಫ್ ಕೋರ್ಟಿಗೆ ಹೋಗುತ್ತಾನೆ. ರಕ್ತ ಪರೀಕ್ಷೆಯಾಗುತ್ತದೆ. ಜೆ.ಆರ್. ತಂದೆ ಅಂತ ಫಲಿತಾಂಶ ಬರುತ್ತದೆ.

ಬರಹಗಾರರು ಇಲ್ಲಿ ಎಷ್ಟು ಎಚ್ಚರದಿಂದ ಹೆಜ್ಜೆ ಇಟ್ಟರು ನೋಡಿ. ಅನುಮಾನವನ್ನು ಒಂದು ವರ್ಷಕ್ಕೂ ಹೆಚ್ಚು ಕಾಲ ಬೆಳೆಸಿದರು. ಅದರಿಂದ ಸೂ ಎಲೆನ್‌ನ ಕುಡಿತ, ಜೆ.ಆರ್.ನ ಕ್ರೌರ್ಯ, ಕ್ಲಿಫ್‌ನ ಆಸೆ ಎಲ್ಲವನ್ನೂ ಹಿಂಡಿಕೊಂಡರು. ಆಮೇಲೆ ಉತ್ತರವನ್ನು ಸುರಕ್ಷಿತ ಕಡೆಗೆ ಹಾಕಿದರು. ಮಗು ಬಾರ್ನ್ಸ್ ಆಗಿದ್ದಿದ್ದರೆ ಗಲಾಟೆ ಜೋರಾಗಿರುತ್ತಿತ್ತು, ನಿಜ. ಆದರೆ ಕೆಲವೇ ವರ್ಷದಲ್ಲಿ ಎರಡೂ ಮನೆಯವರು ಆ ಹುಡುಗನಿಗಾಗಿ ಒಂದಾಗಬೇಕಾಗುತ್ತಿತ್ತು.

ಅದೇ 1980ರ ಆರಂಭದಲ್ಲಿ ಡಿಗ್ಗರ್ ಸಾಯುತ್ತಾನೆ. ಅದಕ್ಕೆ ಮುಂಚೆ ಸೌತ್‌ಫೋರ್ಕ್ ಜಮೀನಿನಲ್ಲಿ ಒಂದು ಅಸ್ಥಿಪಂಜರ ಸಿಕ್ಕಿರುತ್ತದೆ. ಜೊತೆಗೆ ಜಾಕ್‌ನ ಹಳೆಯ ಪಿಸ್ತೂಲು. ಸತ್ತವನು ಹಿಂದೆ ಅಲ್ಲಿ ಕೆಲಸಕ್ಕಿದ್ದ ಹಚ್ ಮೆಕಿನ್ನಿ. ಜಾಕ್ ಮೇಲೆ ಕೊಲೆ ಮೊಕದ್ದಮೆ ನಡೆಯುತ್ತದೆ. ಸಾಯುವ ಹೊತ್ತಿಗೆ ಡಿಗ್ಗರ್ ಬಾಯಿಬಿಡುತ್ತಾನೆ: ಕೊಂದದ್ದು ನಾನು. ನನ್ನ ಹೆಂಡತಿ ರೆಬೆಕ್ಕಾ ಅವನ ಜೊತೆ ಓಡಿಹೋಗಲು ಹೊರಟಿದ್ದಳು. ಹೊಟ್ಟೆಯಲ್ಲಿ ಅವನ ಮಗು ಇತ್ತು. ಆ ಮಗು ಪ್ಯಾಮ್.

ನನ್ನ ಲೆಕ್ಕದಲ್ಲಿ ಇಡೀ ‘ಡಲ್ಲಾಸ್’ನ ಅತ್ಯಂತ ಗಟ್ಟಿಯಾದ ತಿರುವು ಇದೇ. ಎರಡು ವರ್ಷದಿಂದ ಬಾರ್ನ್ಸ್ ಮನೆಯ ಮಗಳು ಅನ್ನುವ ಒಂದೇ ಕಾರಣಕ್ಕೆ ಎಲ್ಲರ ಬಾಯಿಗೆ ಸಿಕ್ಕವಳು ರಕ್ತದಿಂದ ಬಾರ್ನ್ಸ್ ಅಲ್ಲವೇ ಅಲ್ಲ. ಅವಳನ್ನು ದ್ವೇಷಿಸಲು ಇದ್ದ ಕಾರಣವೇ ಸುಳ್ಳು. ಅಂದಮೇಲೆ ಅಟ್ಟದಿಂದ ಬಿದ್ದು ಹೋದ ಆ ಕೂಸು ಡಿಗ್ಗರ್‌ನ ರಕ್ತದ ಮೊಮ್ಮಗು ಆಗಿರಲೇ ಇಲ್ಲ. ಔತಣಕ್ಕೆ ಬಂದಾಗ ಇದು ಡಿಗ್ಗರ್‌ಗೆ ಗೊತ್ತಿತ್ತು. ಗೊತ್ತಿದ್ದೂ ಬಂದಿದ್ದ. ಹೀಗೆ ನೋಡಿದರೆ ಆ ಮುದುಕ ಬೇರೆಯೇ ಆಗಿ ಕಾಣುತ್ತಾನೆ. ಐದನೇ ಕಂತು ಬರೆಯುವಾಗ ಬರಹಗಾರರ ತಲೆಯಲ್ಲಿ ಇದು ಇರಲಿಲ್ಲ ಅಂತಲೇ ಇಟ್ಟುಕೊಳ್ಳಿ. ನೋಡುವವರಿಗಂತೂ ಈಗ ಎರಡೂ ಒಟ್ಟಿಗೇ ಸಿಗುತ್ತವೆ. (ಅಂದಹಾಗೆ, ಔತಣಕ್ಕೆ ಬಂದ ಡಿಗ್ಗರ್ ಮತ್ತು ಸತ್ತ ಡಿಗ್ಗರ್ ಒಬ್ಬ ನಟನಲ್ಲ. ಮೊದಲು ಡೇವಿಡ್ ವೇಯ್ನ್, ಆಮೇಲೆ ಕೀನನ್ ವಿನ್.)

ಇಷ್ಟು ದೊಡ್ಡ ಸತ್ಯ ಹೊರಬಿದ್ದ ಮೇಲೂ ಹಗೆ ನಿಂತಿತೇ? ಇಲ್ಲ. ಪ್ಯಾಮ್ ತನ್ನನ್ನು ಬಾರ್ನ್ಸ್ ಅಂತಲೇ ಅಂದುಕೊಂಡಳು. ಕ್ಲಿಫ್ ಅಣ್ಣನಾಗಿಯೇ ಉಳಿದ. ಜೆ.ಆರ್. ಅವಳನ್ನು ಕಂಡರೆ ಉರಿಯುವುದನ್ನು ನಿಲ್ಲಿಸಲಿಲ್ಲ. ಮನೆತನದ ದ್ವೇಷಕ್ಕೆ ರಕ್ತ ನೆಪ ಅಷ್ಟೇ ಅನ್ನುವುದನ್ನು ಯಾವ ಪಾತ್ರದ ಬಾಯಲ್ಲೂ ಹೇಳಿಸದೆ ತೋರಿಸಿದರು.

ಗುಂಡು ಹಾರಿಸಿದವರು ಯಾರು

ಇದಾದ ಕೆಲವೇ ವಾರಕ್ಕೆ, 1980ರ ಮಾರ್ಚ್ 21ರಂದು, ಕಚೇರಿಯಲ್ಲಿ ಒಬ್ಬನೇ ಇದ್ದ ಜೆ.ಆರ್.ಗೆ ಯಾರೋ ಗುಂಡು ಹಾರಿಸಿದರು. ಸೀಸನ್ ಮುಗಿಯಿತು. ಜೆ.ಆರ್. ಪಾತ್ರದ ನಟ ಲ್ಯಾರಿ ಹ್ಯಾಗ್ಮನ್‌ನ ಸಂಬಳದ ಜಗಳ, ಅದರ ಹಿಂದೆಯೇ ನಟರ ಮುಷ್ಕರ. ಉತ್ತರಕ್ಕೆ ಜನ ನವೆಂಬರ್‌ವರೆಗೆ ಕಾಯಬೇಕಾಯಿತು. ಗುಟ್ಟು ಹೊರಬೀಳಬಾರದು ಅಂತ ಬೇರೆ ಬೇರೆ ಪಾತ್ರಗಳು ಗುಂಡು ಹಾರಿಸುವ ದೃಶ್ಯಗಳನ್ನೂ ಚಿತ್ರಿಸಿಟ್ಟಿದ್ದರು. ನವೆಂಬರ್ 21ರ ರಾತ್ರಿ ಉತ್ತರ ಬಂದಾಗ ಅಮೆರಿಕದಲ್ಲಿ ಆ ಹೊತ್ತು ಟಿವಿ ಹಾಕಿದ್ದ ಮನೆಗಳಲ್ಲಿ ನೂರಕ್ಕೆ 76 ಮನೆಗಳು ಇದನ್ನೇ ನೋಡುತ್ತಿದ್ದವು. ಸುಮಾರು 8.3 ಕೋಟಿ ಜನ.

ಇದರ ಬಗ್ಗೆ ಎಲ್ಲರೂ ಬರೆದಿದ್ದಾರೆ, ನಾನು ಜಾಸ್ತಿ ಎಳೆಯುವುದಿಲ್ಲ. ನಮಗೆ ಬೇಕಾದದ್ದು ಒಂದೇ. ಗುಂಡು ಹಾರಿಸಿದವಳು ಬಾರ್ನ್ಸ್ ಕಡೆಯವಳಲ್ಲ. ಜೆ.ಆರ್.ನ ಹೆಂಡತಿಯ ತಂಗಿ ಕ್ರಿಸ್ಟಿನ್. ಧಾರಾವಾಹಿಗೆ ಅತಿ ಹೆಚ್ಚು ನೋಡುಗರನ್ನು ತಂದ ಗುಂಡು ಮೂಲ ಹಗೆಗೆ ಸಂಬಂಧಿಸಿದ್ದೇ ಅಲ್ಲ. ಅಲ್ಲಿಂದ ಕಥೆಯ ನಡು ಸ್ವಲ್ಪ ಸ್ವಲ್ಪವಾಗಿ ಎರಡು ಮನೆಗಳಿಂದ ಒಬ್ಬ ಮನುಷ್ಯನ ಕಡೆಗೆ ವಾಲಿತು. ಹ್ಯಾಗ್ಮನ್‌ನ ನಗು, ಟೋಪಿ, ಕಪಟ ಎಲ್ಲ ನೋಡುವುದಕ್ಕೆ ಖುಷಿಯೇ. ಆದರೆ ಒಬ್ಬ ಖಳನಾಯಕನಿಂದ ವಾರ ವಾರ ಹೊಸ ಕುತಂತ್ರ ಬರಬಹುದು, ತಲೆಮಾರಿನ ತೂಕ ಬರುವುದಿಲ್ಲ.

ಕ್ರಿಸ್ಟಿನ್‌ನ ಕಥೆ ಇನ್ನೊಂದು ಕಡೆಯಿಂದ ಮೊಮ್ಮಗುವಿನ ಪ್ರಶ್ನೆಗೆ ಬಂದು ಸೇರಿತು. ಅವಳು ಸತ್ತ ಮೇಲೆ ಅವಳ ಗಂಡುಮಗು ಬಾಬಿಯ ಕೈಸೇರಿತು. ಮೊದಲು ಅದು ಜೆ.ಆರ್.ನದೇ ಇರಬೇಕು ಅನ್ನುವ ಅನುಮಾನ. ಆಮೇಲೆ ಅಲ್ಲ ಅಂತಾಯಿತು. ಬಾಬಿ ಮತ್ತು ಪ್ಯಾಮ್ ಅದನ್ನು ದತ್ತು ತೆಗೆದುಕೊಂಡು ಕ್ರಿಸ್ಟೋಫರ್ ಅಂತ ಹೆಸರಿಟ್ಟರು. ಅಂತೂ ಗಂಡಹೆಂಡಿರಿಗೆ ಒಂದು ಮಗುವಾಯಿತು. ಅದರಲ್ಲಿ ಯೂಯಿಂಗ್ ರಕ್ತವೂ ಇಲ್ಲ, ಬಾರ್ನ್ಸ್ ರಕ್ತವೂ ಇಲ್ಲ. ತಾಯಿ ಅಂತ ಮಡಿಲು ತುಂಬಿತು, ಆದರೆ ಹಗೆ ಮುಗಿಸುವ ಶಕ್ತಿ ಆ ಕೂಸಿಗಿರಲಿಲ್ಲ. ಇದಕ್ಕಿಂತ ಚೊಕ್ಕವಾಗಿ ಯಾರು ಮಾಡಿಯಾರು?

ಲೆಕ್ಕ ಚುಕ್ತಾ ಆದರೆ ಕಷ್ಟ

ಜಾಕ್ ಪಾತ್ರದ ಜಿಮ್ ಡೇವಿಸ್ 1981ರ ಏಪ್ರಿಲ್‌ನಲ್ಲಿ ತೀರಿಕೊಂಡರು. ಬೇರೆ ನಟನನ್ನು ತರಲಿಲ್ಲ, ಜಾಕ್‌ನನ್ನೂ ಕಥೆಯಲ್ಲಿ ಸಾಯಿಸಿದರು. ಮೂಲ ಜಗಳದ ಇಬ್ಬರೂ ಹೋದಂತಾಯಿತು. ಹಗೆಯನ್ನು ಎರಡನೇ ತಲೆಮಾರು ಹೊರಬೇಕು. ಕ್ಲಿಫ್ ಆಗ ಸರ್ಕಾರಿ ಕೆಲಸದವನು, ಅವನಲ್ಲಿ ಹಣವಿಲ್ಲ. ಸಮಬಲವಿಲ್ಲದ ಜಗಳ ಎಷ್ಟು ದಿನ? ಅದಕ್ಕೆ ಸತ್ತಳೆಂದುಕೊಂಡಿದ್ದ ತಾಯಿ ರೆಬೆಕ್ಕಾಳನ್ನು ಶ್ರೀಮಂತಳಾಗಿ ವಾಪಸ್ ತಂದರು. ಅವಳ ಹಣದಿಂದ ಕ್ಲಿಫ್ ಎಣ್ಣೆ ಕಂಪನಿ ಕಟ್ಟಿದ. ಅವಳನ್ನು ಬೇಗನೆ ವಿಮಾನ ಅಪಘಾತದಲ್ಲಿ ಮುಗಿಸಿದರು.

1984–85ರಲ್ಲಿ ಜಾಕ್‌ನ ಸೋದರನ ಮಗಳು ಜೇಮಿ ಒಂದು ಹಳೆಯ ಪತ್ರ ಹಿಡಿದು ಬಂದಳು. ಮನೆತನದ ಎಣ್ಣೆ ಕಂಪನಿ ಯೂಯಿಂಗ್ ಆಯಿಲ್‌ನಲ್ಲಿ ಜಾಕ್, ಅವನ ಸೋದರ, ಡಿಗ್ಗರ್ ಮೂವರಿಗೂ ಸಮಪಾಲು ಅಂತ ಅದರಲ್ಲಿತ್ತು. ಕ್ಲಿಫ್ ಸುಮ್ಮನಿರುತ್ತಾನೆಯೇ? ಜೇಮಿಯನ್ನೇ ಮದುವೆಯಾದ. ಬಾರ್ನ್ಸ್ ಮನೆಗೆ ಯೂಯಿಂಗ್ ಹುಡುಗಿ ಬಂದಳು, ಪ್ಯಾಮ್ ಕಥೆಯ ಕನ್ನಡಿ ಬಿಂಬ. ಪತ್ರ ಕೊನೆಗೆ ನಿಲ್ಲಲಿಲ್ಲ. ಜಾಕ್ ಆ ಪಾಲುಗಳನ್ನು ಆಗಲೇ ಹಣ ಕೊಟ್ಟು ಕೊಂಡಿದ್ದ ಅಂತ ಹೊರಬಂತು. ಕ್ಲಿಫ್–ಜೇಮಿಗೂ ಮಗುವಾಗಲಿಲ್ಲ.

ನನ್ನ ಪ್ರಕಾರ ತಪ್ಪು ನಡೆದದ್ದು ಇಲ್ಲೇ. ಡಿಗ್ಗರ್‌ಗೆ ಅನ್ಯಾಯವಾಯಿತೇ ಇಲ್ಲವೇ ಅನ್ನುವುದು ಬಡ್ಡಿ ಬೆಳೆಯುತ್ತಾ ಹೋಗುವ ಸಾಲದಂತಿತ್ತು. ಚುಕ್ತಾ ಮಾಡದೆ ಇದ್ದಷ್ಟು ದಿನ ಬರಹಗಾರರಿಗೆ ಅದರಿಂದ ಆದಾಯ. ಕಾಗದ ತೋರಿಸಿ ಇತ್ಯರ್ಥ ಮಾಡಿದ ಮೇಲೆ ಕ್ಲಿಫ್ ಅನ್ಯಾಯಕ್ಕೊಳಗಾದ ಮನೆಯ ಮಗನಾಗಿ ಉಳಿಯಲಿಲ್ಲ. ಪದೇ ಪದೇ ಸೋಲುವ ಹೊಟ್ಟೆಕಿಚ್ಚಿನವನಾದ. ನಟ ಕೆನ್ ಕರ್ಚೆವಲ್ ಆ ಪಾತ್ರಕ್ಕೆ ಎಷ್ಟು ಜೀವ ತುಂಬಿದರೂ ಜನ ಅವನನ್ನು ನೋಡಿ ನಗತೊಡಗಿದರು.

ಅದೇ 1985ರ ಮೇನಲ್ಲಿ ಬಾಬಿಯನ್ನೂ ಸಾಯಿಸಿದರು. ಬಾಬಿ ಪಾತ್ರದ ಪ್ಯಾಟ್ರಿಕ್ ಡಫಿ ಧಾರಾವಾಹಿ ಬಿಡಲು ಹೊರಟಿದ್ದರು. ವಿಚ್ಛೇದನವಾಗಿದ್ದ ಬಾಬಿ–ಪ್ಯಾಮ್ ಮತ್ತೆ ಒಂದಾಗಲು ಒಪ್ಪಿಕೊಂಡ ಬೆಳಗ್ಗೆ ಪ್ಯಾಮ್‌ನ ಮಲತಂಗಿ ಕ್ಯಾಥರೀನ್ ಕಾರು ನುಗ್ಗಿಸಿದಳು. ಬಾಬಿ ಪ್ಯಾಮ್‌ಳನ್ನು ತಳ್ಳಿ ತಾನು ಸಿಕ್ಕಿಕೊಂಡ. ಮುಂದಿನ ಸೀಸನ್‌ನಲ್ಲಿ ಎರಡು ಮನೆಗಳನ್ನು ಕಟ್ಟಿದ್ದ ಆ ಹಗ್ಗವೇ ಇರಲಿಲ್ಲ. ನೋಡುಗರ ಲೆಕ್ಕದಲ್ಲಿ ಹಿಂದಿನ ವರ್ಷ ಎರಡನೇ ಸ್ಥಾನದಲ್ಲಿದ್ದ ಧಾರಾವಾಹಿ ಆರನೇ ಸ್ಥಾನಕ್ಕೆ ಬಂತು. ಹ್ಯಾಗ್ಮನ್ ಹೋಗಿ ಡಫಿಯನ್ನು ಒಪ್ಪಿಸಿ ಕರೆತಂದರು. 1986ರ ಮೇ 16ರ ಕಂತಿನ ಕೊನೆಗೆ, ಬೇರೊಬ್ಬನನ್ನು ಮದುವೆಯಾದ ಮರುಬೆಳಗ್ಗೆ ಪ್ಯಾಮ್ ಎದ್ದು ಸ್ನಾನದ ಮನೆಯ ಬಾಗಿಲು ತೆಗೆಯುತ್ತಾಳೆ. ಒಳಗೆ ಬಾಬಿ ಮೈಗೆ ನೀರು ಹಾಕಿಕೊಳ್ಳುತ್ತಾ ಶುಭೋದಯ ಹೇಳುತ್ತಾನೆ. ಇಡೀ ವರ್ಷ ಅವಳ ಕನಸು! ಗ್ಯಾರಿಯ ‘ನಾಟ್ಸ್ ಲ್ಯಾಂಡಿಂಗ್’ನಲ್ಲಿ ಮಾತ್ರ ಬಾಬಿ ಸತ್ತೇ ಉಳಿದ. ಅಲ್ಲಿಯವರು ಕನಸನ್ನು ಒಪ್ಪಲಿಲ್ಲ.

ಜನ ಇದನ್ನು ಇವತ್ತಿಗೂ ಆಡಿಕೊಳ್ಳುತ್ತಾರೆ. ನನಗೆ ಬರಹಗಾರರ ಮೇಲೆ ಅಷ್ಟೇನೂ ಸಿಟ್ಟಿಲ್ಲ. ಏನು ಕಳೆದುಹೋಗಿತ್ತು ಅನ್ನುವುದು ಅವರಿಗೆ ಸರಿಯಾಗಿಯೇ ಗೊತ್ತಾಗಿತ್ತು. ಆದರೆ ವಾಪಸ್ ತಂದದ್ದು ಉಳಿಯಲಿಲ್ಲ. ಮುಂದಿನ ಸೀಸನ್ 11ನೇ ಸ್ಥಾನಕ್ಕಿಳಿಯಿತು. 1987ರಲ್ಲಿ ಪ್ಯಾಮ್ ಪಾತ್ರದ ವಿಕ್ಟೋರಿಯಾ ಪ್ರಿನ್ಸಿಪಲ್ ಬಿಟ್ಟುಹೋದರು, ಪ್ಯಾಮ್ ಕಾರು ಅಪಘಾತದಲ್ಲಿ ಸುಟ್ಟು ಕಣ್ಮರೆಯಾದಳು. ಕೊನೆಯ ಹೊತ್ತಿಗೆ ಕ್ಲಿಫ್ ಯೂಯಿಂಗ್ ಆಯಿಲ್ ಕಂಪನಿಯನ್ನೇ ಕೈಗೆ ತೆಗೆದುಕೊಂಡ. 1978ರಲ್ಲಿ ಇದು ಆಗಿದ್ದರೆ ದೇಶವೇ ಕೂತು ನೋಡುತ್ತಿತ್ತು. 1990–91ರ ಆ ಸೀಸನ್ ಮೊದಲ 50ರಲ್ಲೂ ಇರಲಿಲ್ಲ.

ಯಾರ್ಯಾರು ಏನೇನು ನೋಡಿದರು

ಹೊರದೇಶಗಳಲ್ಲಿ ಇದನ್ನು ಹೇಗೆ ನೋಡಿದರು ಅನ್ನುವುದು ಈ ಪ್ರಕರಣದ ಇನ್ನೊಂದು ರುಚಿಯಾದ ಭಾಗ. ಟಮಾರ್ ಲೀಬೆಸ್ ಮತ್ತು ಎಲಿಹು ಕಾಟ್ಜ್ ಅನ್ನುವ ಇಬ್ಬರು ಸಂಶೋಧಕರು ಇಸ್ರೇಲ್‌ನಲ್ಲಿ ಅರಬ್ಬರು, ಮೊರಾಕ್ಕೋದಿಂದ ಬಂದ ಯಹೂದಿಗಳು, ರಷ್ಯಾದಿಂದ ಬಂದವರು, ಕಿಬುಟ್ಸ್ ಸಾಮೂಹಿಕ ಹಳ್ಳಿಗಳವರು ಹೀಗೆ ಬೇರೆ ಬೇರೆ ಗುಂಪಿನ ಜೊತೆ ಮನೆಯಲ್ಲೇ ಕೂತು ಕಂತು ನೋಡಿ, ಆಮೇಲೆ ಕಥೆ ಹೇಳಿ ಅಂತ ಕೇಳಿದರು. ಲಾಸ್ ಏಂಜಲೀಸ್‌ನ ಅಮೆರಿಕನ್ನರನ್ನೂ ಕೇಳಿದರು. ಅರಬ್ಬರು ಮತ್ತು ಮೊರಾಕ್ಕೋದವರು ಮೊದಲಿಂದ ಕೊನೆವರೆಗೆ ಯಾರು ಯಾರಿಗೆ ಏನು ಮಾಡಿದರು ಅಂತ ಸಾಲಾಗಿ ಹೇಳಿದರು. ಅಮೆರಿಕನ್ನರು ಒಂದೊಂದು ಪಾತ್ರದ ಮನಸ್ಸನ್ನು ಬಿಡಿಸಿದರು. ರಷ್ಯಾದವರು ಇದನ್ನು ಮಾಡಿದವರು ನಮಗೆ ಏನು ತುರುಕಲು ನೋಡುತ್ತಿದ್ದಾರೆ ಅಂತ ಹುಡುಕಿದರು.

ಅದರಲ್ಲಿ ಒಂದು ಪ್ರಸಂಗ ನನಗೆ ತುಂಬ ಇಷ್ಟ. ಸೂ ಎಲೆನ್ ಮಗುವನ್ನು ಎತ್ತಿಕೊಂಡು ಗಂಡನನ್ನು ಬಿಟ್ಟು, ಪ್ರೇಮಿ ಮತ್ತು ಅವನ ಅಪ್ಪ ಇರುವ ಮನೆಗೆ ಹೋಗಿರುತ್ತಾಳೆ. ಒಂದು ಅರಬ್ ಗುಂಪಿನವರು ಅದನ್ನು ಅವಳು ತನ್ನ ಅಪ್ಪನ ಮನೆಗೆ ಹೋದಳು ಅಂತಲೇ ಅರ್ಥ ಮಾಡಿಕೊಂಡರು. ಗಂಡನ ಜೊತೆ ಮುರಿದ ಹೆಣ್ಣು ತವರಿಗಲ್ಲದೆ ಇನ್ನೆಲ್ಲಿಗೆ ಹೋಗುತ್ತಾಳೆ? ನಮ್ಮ ಅಜ್ಜಿಯರು ನೋಡಿದ್ದರೂ ಬಹುಶಃ ಇದನ್ನೇ ಹೇಳುತ್ತಿದ್ದರು. ಜಪಾನಿನಲ್ಲಿ ಮಾತ್ರ ಧಾರಾವಾಹಿ ನಡೆಯಲಿಲ್ಲ, ಕೆಲವೇ ತಿಂಗಳಲ್ಲಿ ನಿಂತಿತು.

ಸೌತ್‌ಫೋರ್ಕ್ ಅಂತ ತೋರಿಸುತ್ತಿದ್ದ ಮನೆ ಈಗಲೂ ಇದೆ. ಡಲ್ಲಾಸ್ ನಗರದಿಂದ ಉತ್ತರಕ್ಕೆ ಪಾರ್ಕರ್ ಅನ್ನುವ ಊರಲ್ಲಿ, ಟಿಕೆಟ್ ಕೊಟ್ಟು ನೋಡಬಹುದು. ಪಕ್ಕದ ಪ್ಲೇನೋ, ಅಲೆನ್, ಫ್ರಿಸ್ಕೋ ಕಡೆ ಸಾಕಷ್ಟು ಕನ್ನಡದ ಮನೆಗಳಿವೆ. ಊರಿಂದ ಬಂದ ಅಪ್ಪಅಮ್ಮನನ್ನು ತೋರಿಸಲು ಕರೆದುಕೊಂಡು ಹೋದವರು ಸಾಮಾನ್ಯವಾಗಿ ಹೇಳುವುದು, ಟಿವಿಯಲ್ಲಿ ಕಂಡದ್ದಕ್ಕಿಂತ ಮನೆ ಚಿಕ್ಕದು ಅಂತ.

ಮೂರನೇ ತಲೆಮಾರು

2012ರ ಜೂನ್ 13ರಂದು ಟಿಎನ್‌ಟಿ ಚಾನೆಲ್‌ನಲ್ಲಿ ಹೊಸ ‘ಡಲ್ಲಾಸ್’ ಶುರುವಾಯಿತು. ಈಗ ಜಗಳ ದಾಯಾದಿಗಳದ್ದು. ಜೆ.ಆರ್.ನ ಮಗ ಜಾನ್ ರಾಸ್‌ಗೆ ಸೌತ್‌ಫೋರ್ಕ್‌ನಲ್ಲೇ ಎಣ್ಣೆ ತೆಗೆಯಬೇಕು. ಬಾಬಿಯ ದತ್ತುಮಗ ಕ್ರಿಸ್ಟೋಫರ್‌ಗೆ ಸಮುದ್ರದಡಿಯ ಮೀಥೇನ್ ಅನಿಲ ಬೇಕು. ಕ್ರಿಸ್ಟೋಫರ್ ಮದುವೆಯಾದ ಹುಡುಗಿ ರೆಬೆಕ್ಕಾ. ಮೊದಲ ಸೀಸನ್ನಿನ ಕೊನೆಗೆ ಗೊತ್ತಾಗುತ್ತದೆ, ಅವಳ ನಿಜವಾದ ಹೆಸರು ಪ್ಯಾಮೆಲಾ ರೆಬೆಕ್ಕಾ ಬಾರ್ನ್ಸ್. ಕ್ಲಿಫ್‌ನ ಮಗಳು. ಹೊಟ್ಟೆಯಲ್ಲಿ ಅವಳಿ ಮಕ್ಕಳು.

ಹಳೆಯ ಕಥೆ ನೋಡಿದ್ದವರಿಗೆ ಮುಂದೇನಾಗುತ್ತದೆ ಅಂತ ಊಹಿಸುವುದು ಕಷ್ಟವಿರಲಿಲ್ಲ. ಸಮುದ್ರದಲ್ಲಿದ್ದ ಯೂಯಿಂಗರ ರಿಗ್ ಸ್ಫೋಟಿಸುತ್ತದೆ. ಅವಳು ಅಲ್ಲೇ ಇರುತ್ತಾಳೆ. ಅವಳಿ ಮಕ್ಕಳು ಉಳಿಯುವುದಿಲ್ಲ. ಸ್ಫೋಟಕ್ಕೆ ಹೂಂ ಅಂದವನು ಸ್ವತಃ ಕ್ಲಿಫ್, ಮಗಳು ಅಲ್ಲಿದ್ದಾಳೆ ಅಂತ ಗೊತ್ತಿದ್ದೂ. 1978ರಲ್ಲಿ ಮಗು ಹೋದದ್ದು ಯೂಯಿಂಗ್ ಮಗನ ಕುಡಿತದಿಂದ. 2013ರಲ್ಲಿ ಬಾರ್ನ್ಸ್ ಅಜ್ಜನ ಕೈಯಿಂದ. ಡಿಗ್ಗರ್ ತನ್ನದಲ್ಲದ ಮೊಮ್ಮಗುವಿಗಾಗಿ ಶತ್ರುವಿನ ಅಂಗಳಕ್ಕೆ ಬಂದಿದ್ದ. ಅವನ ಮಗ ತನ್ನದೇ ಮೊಮ್ಮಕ್ಕಳನ್ನು ಹಗೆಗೆ ಕೊಟ್ಟ. ಹೊಸ ಧಾರಾವಾಹಿ ಹಲವು ಕಡೆ ಅವಸರದ್ದು, ನನಗೆ ಪೂರ್ತಿ ಇಷ್ಟವಾಗಿಲ್ಲ. ಆದರೆ ಈ ಒಂದು ತಿರುವಿಗೆ ಪೂರ್ತಿ ಅಂಕ ಕೊಡುತ್ತೇನೆ.

ಹ್ಯಾಗ್ಮನ್ 2012ರ ನವೆಂಬರ್ 23ರಂದು ಡಲ್ಲಾಸ್ ನಗರದಲ್ಲೇ ತೀರಿಕೊಂಡರು. ಕಥೆಯಲ್ಲಿ ಜೆ.ಆರ್. ಮೆಕ್ಸಿಕೋದಲ್ಲಿ ಗುಂಡೇಟಿಗೆ ಸಾಯುತ್ತಾನೆ. ಆಮೇಲೆ ತಿಳಿಯುತ್ತದೆ, ಅವನಿಗೆ ಕ್ಯಾನ್ಸರ್ ಇತ್ತು, ಉಳಿದದ್ದು ಕೆಲವೇ ದಿನ. ನಂಬಿಕೆಯ ಆಳಿನ ಕೈಯಲ್ಲಿ ತಾನೇ ಗುಂಡು ಹಾಕಿಸಿಕೊಂಡು ಕೊಲೆಯನ್ನು ಕ್ಲಿಫ್ ತಲೆಗೆ ಕಟ್ಟುವ ಏರ್ಪಾಡು ಮಾಡಿದ್ದ. ಆ ಪಿಸ್ತೂಲನ್ನು ಕ್ಲಿಫ್‌ನ ಬ್ಯಾಂಕ್ ಲಾಕರಿನಲ್ಲಿ ಇಟ್ಟವಳು ಅವನ ಮಗಳೇ. ಕ್ಲಿಫ್ ಮೆಕ್ಸಿಕೋದ ಜೈಲು ಸೇರುತ್ತಾನೆ.

ಯೂಯಿಂಗರು ನಮಗೆ ಮೋಸ ಮಾಡಿದರು ಅಂತ ಬಾರ್ನ್ಸ್ ಮನೆಯವರು ಮೂರು ತಲೆಮಾರು ಹೇಳಿಕೊಂಡು ಬಂದರು. ಅದರಲ್ಲಿ ಅನುಮಾನಕ್ಕೆ ಎಡೆಯಿಲ್ಲದಂತೆ ನಿಜವಾದದ್ದು ಈ ಒಂದು ಸಲ. ಬಾಬಿಗೂ ಗೊತ್ತು, ಕ್ರಿಸ್ಟೋಫರ್‌ಗೂ ಗೊತ್ತು. ಯಾರೂ ಬಾಯಿಬಿಡುವುದಿಲ್ಲ. 2014ರ ಸೆಪ್ಟೆಂಬರ್‌ನಲ್ಲಿ ಮೂರನೇ ಸೀಸನ್ ಕ್ರಿಸ್ಟೋಫರ್‌ನ ಕಾರು ಬಾಂಬ್ ಸಿಡಿತದೊಂದಿಗೆ ಮುಗಿಯಿತು. ಮುಂದಿನ ತಿಂಗಳು ಚಾನೆಲ್‌ನವರು ಧಾರಾವಾಹಿಯನ್ನೇ ನಿಲ್ಲಿಸಿದರು. ಕ್ಲಿಫ್‌ನ ಮೊಕದ್ದಮೆಗೆ ಮರುವಿಚಾರಣೆ ಇಲ್ಲ.